ಅಸಲು ಯಾವುದು, ಲಾಭ ಯಾವುದು?

ವ್ಯಾಪಾರಸ್ಥರ ಬಾಯಲ್ಲಿ ಲಾಭವೆಂಬ ಶಬ್ದದಷ್ಟು ಬಳಕೆಗೊಂಡ ಶಬ್ದ ಬೇರೊಂದಿಲ್ಲ. ಅದರಷ್ಟು ವಿಚಾರಕ್ಕೊಳಗಾಗದೆ ಉಳಿದ ಶಬ್ದವೂ ಬೇರೊಂದಿಲ್ಲ. ಕೊಂಡ ಬೆಲೆಗಿಂತ ಮಾರಿದ ಬೆಲೆ ಹೆಚ್ಚಾದರೆ ಲಾಭ, ಕಡಮೆಯಾದರೆ ಹಾನಿ. ಇಷ್ಟನ್ನು ಶಾಲೆಯ ಬಾಲಕನೂ ಬಲ್ಲನು. ದೀಪಾವಳಿಯ ಲಕ್ಷ್ಮೀಪೂಜೆಯ ದಿನ ಹಳೆಯ ಖಾತೆಯನ್ನು ಮುಚ್ಚಿ ಹೊಸ ಖಾತೆಗೆ ಅರಿಸಿನ ಕುಂಕುಮಗಳನ್ನು ಏರಿಸುವ ವರ್ತಕನು ಈ ಕಳೆಯುವ ಲೆಕ್ಕವನ್ನೇ ಮಾಡುತ್ತಾನೆ. ಸರಕಾರದ ಕರಾಧಿಕಾರಿಯೂ ಅದನ್ನೇ ಮಾಡುತ್ತಾನೆ. ಆದರೆ ಈ ಲೆಕ್ಕದ ಅಡಿಯಲ್ಲಿ ಒಂದು ನಂಬುಗೆಯು ಅಡಗಿರುವುದು. ಕೊಂಡ ದಿನದ ರೂಪಾಯಿಯೂ ಮಾರಿದ ದಿನದ ರೂಪಾಯಿಯೂ ಒಂದೇ ಎಂಬುದೇ ಆ ನಂಬುಗೆ. ಆ ನಂಬುಗೆಯು ಸುಳ್ಳಾದ ಕಾಲದಲ್ಲಿ ಲೆಕ್ಕವು ಸರಿಯಾಗಿದ್ದೂ ಅದರ ಅರ್ಥವು ತಪ್ಪಾಗುವುದು. ಆಗ ಅಸಲು ಯಾವುದು, ಲಾಭ ಯಾವುದು ಎಂಬ ಪ್ರಶ್ನೆಯು ಗಣಿತದ ಪ್ರಶ್ನೆಯಾಗಿ ಉಳಿಯದೆ ಧರ್ಮದ ಪ್ರಶ್ನೆಯಾಗಿ ಎದುರು ನಿಲ್ಲುವುದು.

ಈ ಪ್ರಶ್ನೆಯನ್ನು ಹುಡುಕಿಕೊಂಡು ಮಹಾನಗರಗಳಿಗೆ ಹೋಗಬೇಕಾದುದಿಲ್ಲ. ಬಾದಾಮಿ ತಾಲೂಕಿನ ಕೆರೂರು ಹುಬ್ಬಳ್ಳಿಯಿಂದ ವಿಜಯಪುರಕ್ಕೆ ಹೋಗುವ ಹೆದ್ದಾರಿಯ ಮೇಲಿನ ಪೇಟೆಯೂರು. ಅದರ ಸುತ್ತಣ ನಾಡು ಮಗ್ಗದ ನಾಡು. ಗುಳೇದಗುಡ್ಡದ ಖಣವೂ ಇಳಕಲ್ಲ ಸೀರೆಯೂ ಹೆಣ್ಣುಮಕ್ಕಳ ಉಡುಗೆಯಲ್ಲಿ ಜೋಡಿಯಾಗಿ ಬಂದಿರುವುದು ಯಾರಿಗೂ ಹೊಸತಲ್ಲ. ಇಳಕಲ್ಲ ಸೀರೆಯಲ್ಲಿ ಮೈಯ ಹಾಸು ಬೇರೆ, ಸೆರಗಿನ ಹಾಸು ಬೇರೆ. ಎರಡನ್ನೂ ಎಳೆಗೆ ಎಳೆ ಕೊಂಡಿ ಕೂಡಿಸಿ ನೇಯುವುದೇ ಅದರ ವೈಶಿಷ್ಟ್ಯ. ಆ ಕೊಂಡಿಯಂತೆಯೇ ಇಲ್ಲಿಯ ಬದುಕಿನಲ್ಲಿ ನೂಲಿನ ವ್ಯಾಪಾರಿ, ನೂಲು ಕೊಟ್ಟು ನೇಯಿಸುವ ಸಾವಕಾರ, ಮಗ್ಗದ ಮೇಲೆ ಕುಳಿತ ನೇಕಾರ, ಸೀರೆಯನ್ನು ಉದರಿ ಒಯ್ಯುವ ದೂರದ ಅಂಗಡಿಕಾರ, ಇವರೆಲ್ಲರೂ ಒಬ್ಬರಿಗೊಬ್ಬರು ಹೆಣೆದುಕೊಂಡಿದ್ದಾರೆ. ರೂಪಾಯಿಯ ಬೆಲೆಯು ಕುಗ್ಗಿದಾಗ ಈ ಕೊಂಡಿಗಳಲ್ಲಿ ಯಾವುದು ಮೊದಲು ಹರಿಯುವುದೆಂಬುದನ್ನು ನೋಡಿದರೆ ವಿಷಯದ ತಿರುಳು ತಿಳಿಯುವುದು.

ಕೆರೂರಿನ ಪೇಟೆಯಲ್ಲಿ ಅಣ್ಣತಮ್ಮಂದಿರಿಬ್ಬರು ಪಾಲುದಾರರಾಗಿ ನೂಲಿನ ಅಂಗಡಿಯನ್ನು ನಡೆಯಿಸುತ್ತಾರೆಂದು ಭಾವಿಸಬಹುದು. ವರ್ಷದ ಆರಂಭದಲ್ಲಿ ಅವರು ತಮ್ಮ ಸ್ವಂತ ಬಂಡವಾಳದಿಂದ ೧,೦೦,೦೦೦ ರೂಪಾಯಿಯ ನೂಲನ್ನು ಕೊಂಡರು. ವರ್ಷದೊಳಗೆ ಅದನ್ನು ೧,೨೦,೦೦೦ ರೂಪಾಯಿಗೆ ಮಾರಿದರು. ಅಂಗಡಿಯ ವೆಚ್ಚ ೫,೦೦೦. ಖಾತೆಯ ಪ್ರಕಾರ ಲಾಭವು ೧೫,೦೦೦ ರೂಪಾಯಿ. ಪಾಲುದಾರಿಕೆಯ ಸಂಸ್ಥೆಯ ಆದಾಯಕ್ಕೆ ಭಾರತದ ಕಾನೂನು ಹಾಕುವ ಕರವು, ಮೇಲಿನ ಉಪಕರವನ್ನು ಬಿಟ್ಟು, ಶೇಕಡ ೩೦. ಎಂದರೆ ೪,೫೦೦ ರೂಪಾಯಿ. ಕರವನ್ನು ಕೊಟ್ಟ ಮೇಲೆ ಕೈಯಲ್ಲಿ ಉಳಿಯುವುದು ೧,೧೦,೫೦೦. ಅಣ್ಣತಮ್ಮಂದಿರು ಸಂತೋಷಪಡುತ್ತಾರೆ. ಆದರೆ ಮರುವರ್ಷಕ್ಕೆ ಅಷ್ಟೇ ತೂಕದ ಅದೇ ನೂಲನ್ನು ತರಹೋದರೆ ಅದರ ಬೆಲೆ ೧,೧೨,೦೦೦ ಆಗಿರುವುದು. ಒಂದು ಪೈಸೆಯನ್ನೂ ಮನೆಗೆ ಒಯ್ಯದೆ, ಒಂದು ಊಟವನ್ನೂ ಹೆಚ್ಚಾಗಿ ಉಣ್ಣದೆ, ಅವರು ೧,೫೦೦ ರೂಪಾಯಿಯಷ್ಟು ಬಡವರಾಗಿದ್ದಾರೆ. ಹಳೆಯ ನೂಲಿನ ಜಾಗದಲ್ಲಿ ಹೊಸ ನೂಲನ್ನು ತುಂಬಿದ ಮೇಲೆ ಉಳಿಯುತ್ತಿದ್ದ ನಿಜವಾದ ಹೆಚ್ಚಳವು ೩,೦೦೦ ರೂಪಾಯಿ ಮಾತ್ರ. ಕೊಟ್ಟ ಕರವು ಅದರ ಒಂದೂವರೆ ಪಟ್ಟು.

ಒಕ್ಕಲಿಗನಿಗೆ ಈ ಮಾತನ್ನು ವಿವರಿಸಬೇಕಾದುದಿಲ್ಲ. ರಾಶಿಯಲ್ಲಿ ಮೊದಲು ಬಿತ್ತುವ ಬೀಜವನ್ನು ತೆಗೆದಿರಿಸಿ ಉಳಿದುದನ್ನು ಬೆಳೆಯೆಂದು ಎಣಿಸುವುದು ಅವನ ರೂಢಿ. ಬೀಜವನ್ನೂ ಬೆಳೆಯೆಂದೆಣಿಸಿ ಅದರಲ್ಲಿ ಪಾಲು ಕೇಳುವವನನ್ನು ಅವನು ಒಪ್ಪಲಾರನು. ತಾನೇ ಬೀಜವನ್ನು ಬೀಸಿ ಉಣ್ಣುವುದನ್ನೂ ಒಪ್ಪಲಾರನು. ವರ್ತಕನಿಗೆ ನೂಲೇ ಬೀಜ. ಆದರೆ ಅವನ ಬೀಜವು ಕಾಳಾಗಿ ಕಣಜದಲ್ಲಿರದೆ ರೂಪಾಯಿಯಾಗಿ ಖಾತೆಯಲ್ಲಿರುವುದರಿಂದ, ಬೀಜವು ಯಾವಾಗ ಬೆಳೆಯ ವೇಷವನ್ನು ತೊಟ್ಟಿತೆಂಬುದು ಅವನಿಗೂ ತಿಳಿಯುವುದಿಲ್ಲ, ಕರ ಕೇಳುವವನಿಗೂ ತಿಳಿಯುವುದಿಲ್ಲ.

ಮಗ್ಗದ ವಿಷಯದಲ್ಲಿ ಈ ಮರೆಯು ಇನ್ನೂ ದೀರ್ಘಕಾಲದ್ದು. ೨,೦೦,೦೦೦ ರೂಪಾಯಿಗೆ ಕೊಂಡ ಯಂತ್ರಮಗ್ಗವು ಹತ್ತು ವರ್ಷಗಳಲ್ಲಿ ಸವೆಯುವುದೆಂದು ಇಟ್ಟುಕೊಂಡರೆ, ಸವೆತದ ಬಾಬತ್ತಿನಲ್ಲಿ ಕಾನೂನು ಒಟ್ಟಿನ ಮೇಲೆ ಬಿಟ್ಟುಕೊಡುವುದು ಕೊಂಡ ಬೆಲೆಯ ೨,೦೦,೦೦೦ ರೂಪಾಯಿಗಳನ್ನೇ ಹೊರತು ಹೆಚ್ಚಿನದನ್ನಲ್ಲ. ಬೆಲೆಗಳು ವರ್ಷಕ್ಕೆ ಶೇಕಡ ೬ರಂತೆ ಏರಿದ್ದರೆ ಹತ್ತನೆಯ ವರ್ಷದ ಕೊನೆಗೆ ಅಂಥದೇ ಮಗ್ಗಕ್ಕೆ ಸುಮಾರು ೩,೫೮,೦೦೦ ರೂಪಾಯಿ ಬೇಕಾಗುವುದು. ನಡುವಿನ ೧,೫೮,೦೦೦ ರೂಪಾಯಿಗಳು ಹತ್ತು ವರ್ಷವೂ ಲಾಭದ ಹೆಸರಿನಿಂದ ಎಣಿಕೆಗೊಂಡು, ಸ್ವಲ್ಪ ಕರಕ್ಕೆ, ಸ್ವಲ್ಪ ಮನೆಯ ಮದುವೆ ಮುಂಜಿವೆಗಳಿಗೆ ಹೋಗಿರುತ್ತವೆ. ಹಳೆಯ ಮಗ್ಗವು ನಿಂತ ದಿನವೇ ಆ ಮನೆತನವು ತಾನು ಮಗ್ಗವನ್ನು ತಿಂದುಬಿಟ್ಟಿದ್ದೆನೆಂಬುದನ್ನು ಕಾಣುವುದು. ಇಂಗ್ಲಂಡಿನಲ್ಲಿ ಬೆಲೆಗಳು ಮಿತಿಮೀರಿ ಏರಿದ ಕಾಲದಲ್ಲಿ, ೧೯೭೫ರಲ್ಲಿ, ಸ್ಯಾಂಡಿಲ್ಯಾಂಡ್ಸ್ ಸಮಿತಿಯು ಇದನ್ನೇ ವಿಚಾರಿಸಿ, ಸೊತ್ತುಗಳನ್ನು ಕೊಂಡ ಬೆಲೆಯಿಂದಲ್ಲ, ಅಂದಂದಿನ ಬೆಲೆಯಿಂದ ಎಣಿಸಬೇಕೆಂದು ಸಲಹೆಯಿತ್ತಿತು. ಬೆಲೆಗಳ ಬಿರುಸು ತಗ್ಗಿದೊಡನೆ ಆ ಪದ್ಧತಿಯು ಹಿಂದೆ ಬಿತ್ತು; ಪ್ರಶ್ನೆಯು ಮಾತ್ರ ಹಿಂದೆ ಬೀಳಲಿಲ್ಲ.

ಇಲ್ಲಿ ನೀತಿಯ ಮೊದಲನೆಯ ಗಂಟು ಕಾಣಿಸುವುದು. ತೂಕ ಅಳತೆಗಳನ್ನು ಕಾಯುವುದು ಎಲ್ಲ ರಾಜ್ಯಗಳ ಹಳೆಯ ಕರ್ತವ್ಯ. ಸೇರು, ಕೊಳಗ, ಮೊಳಗಳು ಹೋಗಿ ಭಾರತದಲ್ಲಿ ಮೆಟ್ರಿಕ್ ಪದ್ಧತಿಯು ಬಂದುದು ೧೯೫೬ರ ಕಾನೂನಿನಿಂದ. ತಕ್ಕಡಿಯ ಕಲ್ಲಿಗೆ ಮುದ್ರೆ ಬೇಕು. ಕಡಮೆ ತೂಗಿದ ವರ್ತಕನಿಗೆ ದಂಡವುಂಟು. ಆದರೆ ಎಲ್ಲ ಅಳತೆಗಳಿಗೂ ಮೇಲಿನ ಅಳತೆಯಾದ ರೂಪಾಯಿಯು ವರ್ಷವರ್ಷವೂ ಕುಗ್ಗಿದರೆ ದಂಡ ತೆರುವವರಾರು? ೨೦೧೬ರಲ್ಲಿ ರಿಝರ್ವ್ ಬ್ಯಾಂಕಿನ ಕಾನೂನನ್ನು ತಿದ್ದಿ, ಬೆಲೆಯೇರಿಕೆಯನ್ನು ಶೇಕಡ ೪ರ ಸುತ್ತಮುತ್ತ, ೨ರಷ್ಟು ಹೆಚ್ಚುಕಡಮೆಯ ಎಲ್ಲೆಯೊಳಗೆ ಹಿಡಿದಿಡಬೇಕೆಂದು ಗೊತ್ತುಪಡಿಸಲಾಯಿತು. ಅದು ಹಿಂದಿನ ಅವ್ಯವಸ್ಥೆಗಿಂತ ನಿಶ್ಚಯವಾಗಿಯೂ ಮೇಲು. ಆದರೆ ಆ ಗುರಿಯು ತಪ್ಪದೆ ಸಾಧಿಸಿದರೂ ಹದಿನೆಂಟು ವರ್ಷಗಳಲ್ಲಿ ರೂಪಾಯಿಯು ಅರ್ಧಕ್ಕಿಳಿಯುವುದು. ಹದಿನೆಂಟು ವರ್ಷಕ್ಕೆ ಅರ್ಧವಾಗುವ ಮೊಳಗೋಲಿನಿಂದ ಬಟ್ಟೆ ಅಳೆಯುವವನನ್ನು ಇಳಕಲ್ಲ ಪೇಟೆಯಲ್ಲಿ ಯಾರೂ ಒಳಗೆ ಬಿಟ್ಟುಕೊಳ್ಳರು.

ಹದಿನಾಲ್ಕನೆಯ ಶತಮಾನದ ಫ್ರೆಂಚ್ ಪಂಡಿತ ನಿಕೊಲಾಸ್ ಒರೆಸ್ಮನು ನಾಣ್ಯದ ಮೇಲೆ ಬರೆದ ಗ್ರಂಥದಲ್ಲಿ, ನಾಣ್ಯದ ಮೇಲೆ ಅರಸನ ಮುದ್ರೆಯಿದ್ದ ಮಾತ್ರಕ್ಕೆ ಅದು ಅರಸನ ಸೊತ್ತಲ್ಲ, ಅದು ಜನಸಮುದಾಯದ್ದು ಎಂದು ವಾದಿಸಿದನು. ನಾಣ್ಯವನ್ನು ಕೆಡಿಸಿ ಲಾಭ ಪಡೆಯುವುದು ಬಡ್ಡಿಯ ವ್ಯಾಪಾರಕ್ಕಿಂತಲೂ ಕೀಳು ಎಂಬುದು ಅವನ ಅಭಿಪ್ರಾಯ. ಬಡ್ಡಿ ಕೊಡುವವನು ಒಪ್ಪಿ ಕೊಡುತ್ತಾನೆ; ನಾಣ್ಯ ಕೆಟ್ಟಾಗ ಕಳೆದುಕೊಳ್ಳುವವನನ್ನು ಯಾರೂ ಒಪ್ಪಿಗೆ ಕೇಳುವುದಿಲ್ಲ. ಈ ಕೆಡುಕಿನ ತುತ್ತತುದಿಯನ್ನು ಜರ್ಮನಿಯು ಕಂಡಿತು. ೧೯೧೪ರಲ್ಲಿ ಒಂದು ಡಾಲರಿಗೆ ಸುಮಾರು ೪.೨ ಮಾರ್ಕುಗಳಿದ್ದುದು ೧೯೨೩ರ ನವೆಂಬರಿನಲ್ಲಿ ೪,೨೦,೦೦೦ ಕೋಟಿ ಮಾರ್ಕುಗಳಾಯಿತು. ಜೀವಮಾನವೆಲ್ಲ ಮಿತವ್ಯಯದಿಂದ ಉಳಿಸಿದವನು ಭಿಕಾರಿಯಾದನು. ಸಾಲ ಮಾಡಿ ಕಟ್ಟಡ ಯಂತ್ರಗಳನ್ನು ಕೊಂಡವನು ಧನಿಕನಾದನು. ಹಣವು ಕೆಟ್ಟರೆ ಹಣವಷ್ಟೇ ಕೆಡುವುದಿಲ್ಲ, ಯಾವ ಗುಣಕ್ಕೆ ಯಾವ ಫಲ ಎಂಬ ಲೋಕದ ನಂಬುಗೆಯೇ ಕೆಡುವುದೆಂಬುದಕ್ಕೆ ಇದಕ್ಕಿಂತ ಹೆಚ್ಚಿನ ನಿದರ್ಶನ ಬೇಕಿಲ್ಲ.

ಇದರಿಂದ ಕರವೇ ಅನ್ಯಾಯವೆಂದು ಯಾರೂ ತಿಳಿಯಬಾರದು. ದುಂಬಿಯು ಹೂವಿಗೆ ನೋವಾಗದಂತೆ ಮಧುವನ್ನು ಹೀರುವ ಹಾಗೆ ಅರಸನು ಕರವನ್ನು ಎತ್ತಬೇಕೆಂಬ ಉಪದೇಶವು ಮಹಾಭಾರತದ ಶಾಂತಿಪರ್ವದಲ್ಲಿದೆ. ೧೯೦೯ರಲ್ಲಿ ಮೈಸೂರಿನ ಆರ್. ಶಾಮಶಾಸ್ತ್ರಿಗಳು ಬೆಳಕಿಗೆ ತಂದ ಕೌಟಿಲ್ಯನ ಅರ್ಥಶಾಸ್ತ್ರವು, ತೋಟದಿಂದ ಹಣ್ಣಾದುದನ್ನಷ್ಟೆ ಕೀಳಬೇಕು, ಕಾಯನ್ನು ಕೀಳಬಾರದು ಎನ್ನುತ್ತದೆ. ವರ್ತಕನಿಗೂ ಅದು ಸ್ವದೇಶದ ಸರಕಿಗೆ ನೂರಕ್ಕೆ ೫, ಪರದೇಶದ ಸರಕಿಗೆ ನೂರಕ್ಕೆ ೧೦ ಎಂದು ಲಾಭದ ಮಿತಿಯನ್ನು ಹಾಕಿಕೊಟ್ಟಿದೆ. ಕೀಳುವುದಕ್ಕೆ ಹಕ್ಕಿರುವಂತೆ ಕಾಯುವುದಕ್ಕೆ ಹೊಣೆಯುಂಟೆಂಬುದೇ ಈ ಮಾತುಗಳ ಇಂಗಿತ. ಆದರೆ ಹಣ್ಣಾವುದು ಕಾಯಾವುದೆಂದು ಹೇಳುವ ಅಳತೆಯೇ ಕೆಟ್ಟಿದ್ದರೆ, ಶಾಸ್ತ್ರವನ್ನು ಮನ್ನಿಸುವ ಅರಸನೂ ಕಾಯನ್ನೇ ಕೀಳುವನು; ನೂರಕ್ಕೆ ಐದನ್ನೇ ಇಟ್ಟುಕೊಂಡ ಧರ್ಮಭೀರುವಾದ ವರ್ತಕನು ಬೆಲೆಗಳು ನೂರಕ್ಕೆ ಹತ್ತು ಏರಿದ ವರ್ಷದಲ್ಲಿ ದಿವಾಳಿಯ ದಾರಿಯನ್ನು ಹಿಡಿಯುವನು.

ಹುನಗುಂದ ತಾಲೂಕಿನ ಐಹೊಳೆಯು ಶಿಲ್ಪಕ್ಕೆ ಎಷ್ಟು ಹೆಸರಾದುದೋ ವ್ಯಾಪಾರಕ್ಕೂ ಒಂದು ಕಾಲಕ್ಕೆ ಅಷ್ಟೇ ಹೆಸರಾಗಿದ್ದಿತು. ಅಯ್ಯಾವೊಳೆಯ ಐನೂರ್ವರೆಂಬ ವರ್ತಕರ ಸಂಘವು ದಕ್ಷಿಣಾಪಥದಲ್ಲೆಲ್ಲ, ಕಡಲಾಚೆಗೂ, ವ್ಯವಹರಿಸಿತ್ತು. ಇಂಥ ಸಂಘಗಳ ವರ್ತಕರು ದೇವಾಲಯಗಳಿಗೂ ಧರ್ಮಕಾರ್ಯಗಳಿಗೂ ತಾವೇ ಕಟ್ಟಿಕೊಂಡ ತೆರೆಗಳು ಶಾಸನಗಳಲ್ಲಿ ಕಾಣುತ್ತವೆ. ಅವುಗಳಲ್ಲಿ ಎಷ್ಟೋ ತೆರೆಗಳು ಹೇರಿಗೆ ಇಷ್ಟು ಎಲೆ, ಗಾಣಕ್ಕೆ ಇಷ್ಟು ಎಣ್ಣೆ ಎಂದು ವಸ್ತುರೂಪದಲ್ಲಿಯೇ ಇದ್ದವು. ಎಲೆಯು ನೂರು ವರ್ಷದ ಮೇಲೂ ಎಲೆಯೇ. ಎಣ್ಣೆಯು ದೀಪದಲ್ಲಿ ಅಷ್ಟೇ ಹೊತ್ತು ಉರಿಯುವುದು. ಕೊಡುವವನ ಅಸಲನ್ನು ಆ ತೆರೆಯು ತಿನ್ನಲಿಲ್ಲ, ಪಡೆಯುವವನ ಪಾಲು ಕುಗ್ಗಲಿಲ್ಲ. ಆ ಕಾಲಕ್ಕೆ ಹಿಂದಿರುಗಬೇಕೆಂದಲ್ಲ, ಹಿಂದಿರುಗುವುದು ಶಕ್ಯವೂ ಅಲ್ಲ. ಕರವು ವಸ್ತುವನ್ನು ನೋಡಬೇಕೇ ಹೊರತು ಅದರ ನೆರಳನ್ನಲ್ಲ ಎಂಬುದಕ್ಕೆ ಮಾತ್ರ ಆ ಕಲ್ಲುಗಳು ಸಾಕ್ಷಿ.

ಹಣದುಬ್ಬರಕ್ಕೂ ಕರಕ್ಕೂ ಇರುವ ನಂಟನ್ನು ಭಾರತವು ಎರಡನೆಯ ಮಹಾಯುದ್ಧದಲ್ಲಿ ಚೆನ್ನಾಗಿ ಅನುಭವಿಸಿತು. ಬ್ರಿಟಿಷ್ ಸರಕಾರವು ಇಲ್ಲಿ ಕೊಂಡ ಸಾಮಗ್ರಿಗಳ ಹಣವನ್ನು ಲಂಡನ್ನಿನಲ್ಲಿ ಸ್ಟರ್ಲಿಂಗ್ ಜಮೆಯಾಗಿ ಬರೆಯಿತು. ಅದರ ಆಧಾರದ ಮೇಲೆ ಇಲ್ಲಿ ನೋಟುಗಳು ಅಚ್ಚಾದವು. ೧೯೩೯ರಿಂದ ೧೯೪೫ರೊಳಗೆ ಚಲಾವಣೆಯ ನೋಟುಗಳು ಸುಮಾರು ಆರು ಪಟ್ಟಾದವು. ಬೆಲೆಗಳು ಇಮ್ಮಡಿಯನ್ನು ಮೀರಿದವು. ೧೯೪೦ರಲ್ಲಿ ಅಧಿಕ ಲಾಭ ಕರವು ಬಂದಿತು. ಯುದ್ಧಪೂರ್ವದ ಲಾಭಕ್ಕಿಂತ ಹೆಚ್ಚಾದುದರಲ್ಲಿ ಮೊದಲು ಅರ್ಧವನ್ನೂ, ಮುಂದೆ ಮೂರರಲ್ಲಿ ಎರಡು ಪಾಲನ್ನೂ ಸರಕಾರವು ಕೇಳಿತು. ಯುದ್ಧಕಾಲದಲ್ಲಿ ನೆರೆಯವರ ಸಂಕಟದಿಂದ ಕೊಬ್ಬಿದವರಿಂದ ತೆಗೆದುಕೊಳ್ಳುವುದು ಅನ್ಯಾಯವೆಂದು ಯಾರು ಹೇಳಿಯಾರು? ಜನರ ಕೈಯಲ್ಲಿಯ ಹೆಚ್ಚಿನ ಹಣವನ್ನು ಕರದಿಂದಲೂ ಉಳಿತಾಯದಿಂದಲೂ ಎಳೆದುಕೊಂಡರೆ ಬೆಲೆಯೇರಿಕೆಯೇ ತಗ್ಗುವುದೆಂದು ಕೇನ್ಸ್ ಪಂಡಿತನು ಅದೇ ೧೯೪೦ರಲ್ಲಿ ಬರೆದಿದ್ದನು. ಆದರೆ ಹಳೆಯ ರೂಪಾಯಿಯ ಲಾಭದೊಡನೆ ಹೊಸ ರೂಪಾಯಿಯ ಲಾಭವನ್ನು ತೂಗಿ ಹೆಚ್ಚೆಷ್ಟೆಂದು ಹೇಳುವಾಗ, ಕೊಬ್ಬಿದವನೂ ಬರಿದೆ ಊದಿಕೊಂಡವನೂ ಒಂದೇ ತಕ್ಕಡಿಯಲ್ಲಿ ಕುಳಿತರು.

ಅದರ ಫಲವು ಗುಟ್ಟಾಗಿ ಉಳಿಯಲಿಲ್ಲ. ೧೯೪೩ರಲ್ಲಿ ಬಟ್ಟೆ ನೂಲುಗಳಿಗೆ ನಿಯಂತ್ರಣದ ಆಜ್ಞೆ ಬಂದಿತು, ಕಾಳಸಂತೆಯು ಬೆಳೆಯಿತು, ಯುದ್ಧಕಾಲದಲ್ಲಿ ತಪ್ಪಿಸಿದ ಕರವನ್ನು ಹುಡುಕುವುದಕ್ಕೆಂದೇ ೧೯೪೭ರಲ್ಲಿ ಒಂದು ವಿಚಾರಣಾ ಆಯೋಗವನ್ನು ನೇಮಿಸಬೇಕಾಯಿತು. ಸ್ವತಂತ್ರ ಭಾರತದಲ್ಲಿಯೂ ಈ ಪಾಠವು ಬೇಗ ಮರೆತುಹೋಯಿತು. ೧೯೭೩–೭೪ರಲ್ಲಿ ಆದಾಯ ಕರದ ಅತ್ಯುಚ್ಚ ದರವು, ಮೇಲ್ತೆರಿಗೆಯೂ ಸೇರಿ, ಶೇಕಡ ೯೭.೭೫ಕ್ಕೆ ಏರಿತ್ತು, ಅದೇ ಕಾಲದಲ್ಲಿ ಬೆಲೆಗಳು ವರ್ಷಕ್ಕೆ ಶೇಕಡ ೨೦ನ್ನು ಮೀರಿ ಏರುತ್ತಿದ್ದವು. ಮರುವರ್ಷವೇ ದರವನ್ನು ಶೇಕಡ ೭೭ಕ್ಕೆ ಇಳಿಸಬೇಕಾಯಿತು. ಸತ್ಯ ಹೇಳಿದವನು ಅಸಲನ್ನೂ ಕಳೆದುಕೊಳ್ಳುವನು, ಸುಳ್ಳು ಹೇಳಿದವನು ಬದುಕುವನು ಎಂಬ ಸ್ಥಿತಿಯನ್ನು ಕಾನೂನೇ ನಿರ್ಮಿಸಿದರೆ, ಆ ಕಾನೂನು ಪ್ರಾಮಾಣಿಕತೆಯ ಮೇಲೆ ದಂಡ ಹಾಕಿದಂತಾಗುವುದು. ಸುಳ್ಳು ಇದರಿಂದ ಧರ್ಮವಾಗದು. ಆದರೆ ಅದಕ್ಕೆ ಹಾದಿ ಕಟ್ಟಿಕೊಟ್ಟವನೂ ಪಾಪದ ಪಾಲಿನಿಂದ ತಪ್ಪಿಸಿಕೊಳ್ಳಲಾರನು.

ಸರಕಾರವು ಈ ಸತ್ಯವನ್ನು ಅರಿಯದೆ ಇದ್ದಿತೆಂದೂ ಹೇಳಲಾಗದು. ಆಸ್ತಿಯನ್ನು ಮಾರಿದಾಗ ಬರುವ ಲಾಭದ ವಿಷಯದಲ್ಲಿ, ಕೊಂಡ ಬೆಲೆಯನ್ನು ಬೆಲೆಯೇರಿಕೆಗೆ ತಕ್ಕಂತೆ ಹಿಗ್ಗಿಸಿ ಎಣಿಸುವ ಸೂಚ್ಯಂಕವನ್ನು ೧೯೯೨ರ ಹಣಕಾಸು ಕಾನೂನು ತಂದಿತು. ಪೇಟೆಯ ಬೆಲೆಯೇರಿಕೆಯ ಮುಕ್ಕಾಲು ಪಾಲನ್ನು ಮಾತ್ರ ಲೆಕ್ಕಕ್ಕೆ ಹಿಡಿಯುವ ಈ ಸೂಚ್ಯಂಕವು ೨೦೦೧–೦೨ಕ್ಕೆ ೧೦೦ ಇದ್ದುದು ೨೦೨೪–೨೫ಕ್ಕೆ ೩೬೩ ಆಯಿತು. ಎಂದರೆ ಸರಕಾರದ ಸೌಮ್ಯವಾದ ಎಣಿಕೆಯಲ್ಲಿಯೂ ೨೦೦೧ರ ರೂಪಾಯಿಯು ೨೮ ಪೈಸೆಗಿಂತ ಕಡಮೆಯಾಯಿತು. ಅಂದು ೧,೦೦,೦೦೦ಕ್ಕೆ ಕೊಂಡ ಅಂಗಡಿಯ ಜಾಗವು ೨೦೨೪–೨೫ರಲ್ಲಿ ೩,೬೩,೦೦೦ಕ್ಕೆ ಮಾರಿದರೆ, ಸೂಚ್ಯಂಕದ ಪ್ರಕಾರ ಲಾಭವು ಸೊನ್ನೆ. ಸೂಚ್ಯಂಕವಿಲ್ಲದೆ ಎಣಿಸಿದರೆ ಲಾಭ ೨,೬೩,೦೦೦, ಶೇಕಡ ೧೨.೫ರ ದರದಲ್ಲಿ ಕರ ೩೨,೮೭೫ ರೂಪಾಯಿ. ೨೦೨೪ರ ಜುಲೈ ೨೩ರಿಂದ ದರವನ್ನು ಶೇಕಡ ೧೨.೫ಕ್ಕೆ ಇಳಿಸಿ ಸೂಚ್ಯಂಕವನ್ನು ತೆಗೆದುಹಾಕಲಾಯಿತು. ಆಕ್ಷೇಪಗಳೆದ್ದ ಮೇಲೆ, ಆ ದಿನಕ್ಕಿಂತ ಮೊದಲು ಕೊಂಡ ಭೂಮಿ ಕಟ್ಟಡಗಳಿಗೆ ದೇಶವಾಸಿಗಳಾದ ವ್ಯಕ್ತಿಗಳೂ ಅವಿಭಕ್ತ ಕುಟುಂಬಗಳೂ ಹಳೆಯ ಲೆಕ್ಕದಂತೆ ಶೇಕಡ ೨೦ ಕೊಡಬಹುದೆಂಬ ಆಯ್ಕೆಯನ್ನು ಉಳಿಸಲಾಯಿತು. ದರವು ಕಡಮೆಯಾದರೆ ಲೆಕ್ಕವು ಸುಲಭ. ಆದರೆ ಇಲ್ಲದ ಲಾಭದ ಮೇಲಿನ ಕಡಮೆ ಕರವೂ ಇಲ್ಲದುದರ ಮೇಲಿನ ಕರವೇ.

ಮಗ್ಗದ ನಾಡಿಗೆ ಇನ್ನೊಂದು ಬಗೆಯ ಭಾರವೂ ಬಂದಿತ್ತು. ೨೦೧೭ರ ಜುಲೈ ೧ರಂದು ಸರಕು ಮತ್ತು ಸೇವಾ ಕರವು ಜಾರಿಗೆ ಬಂದಾಗ, ಇಳಕಲ್ಲ ಸೀರೆಗೆ ಬಳಸುವ ಕೃತಕ ರೇಷ್ಮೆಯಂಥ ನೂಲಿಗೆ ಶೇಕಡ ೧೮, ಬಟ್ಟೆಗೆ ಶೇಕಡ ೫ ಎಂದಾಯಿತು. ಅದೇ ಅಕ್ಟೋಬರಿನಲ್ಲಿ ನೂಲಿನ ದರವು ೧೨ಕ್ಕೆ ಇಳಿಯಿತು. ನೂಲು ಕೊಳ್ಳುವಾಗ ಹೆಚ್ಚು ಕೊಟ್ಟು, ಬಟ್ಟೆ ಮಾರುವಾಗ ಕಡಮೆ ಪಡೆದು, ನಡುವಿನ ಹಣವು ಸರಕಾರದಲ್ಲಿ ಜಮೆಯಾಗಿ ನಿಂತಿತು. ಬಟ್ಟೆಯ ಬಾಬತ್ತಿನಲ್ಲಿ ಅದನ್ನು ಹಿಂದಕ್ಕೆ ಕೊಡುವ ಏರ್ಪಾಡು ೨೦೧೮ರ ಆಗಸ್ಟಿನ ವರೆಗೆ ಇರಲಿಲ್ಲ. ನೋಂದಣಿಯ ಮಿತಿಗೆ ಒಳಪಡದ ಸಣ್ಣ ನೇಕಾರನಿಗಂತೂ ನೂಲಿನ ಮೇಲಿನ ಕರವು ಮರಳಿ ಬರುವ ಮಾತೇ ಇಲ್ಲ. ೨೦೨೫ರ ಸಪ್ಟೆಂಬರ ೨೨ರಿಂದ ಆ ನೂಲಿನ ದರವೂ ಶೇಕಡ ೫ಕ್ಕೆ ಇಳಿದು ಈ ಡೊಂಕು ತಿದ್ದಿತು. ಆದರೆ ಎಂಟು ವರ್ಷ ಸಿಕ್ಕಿಬಿದ್ದ ಬಂಡವಾಳದ ರೂಪಾಯಿಯು ಹಿಂದಿರುಗಿದಾಗಲೂ ಹೋದಷ್ಟೇ ದೊಡ್ಡದಾಗಿ ಹಿಂದಿರುಗುವುದಿಲ್ಲ. ಬೆಲೆಯೇರುವ ಕಾಲದಲ್ಲಿ ವಿಳಂಬವೂ ಒಂದು ಕರವೇ ಸರಿ.

ಇಷ್ಟು ಹೊತ್ತು ವರ್ತಕನ ಪರವಾದ ವಾದವಾಯಿತು. ನ್ಯಾಯವು ಇನ್ನೊಂದು ಕಡೆಯನ್ನೂ ನೋಡಬೇಕು. ಮೇಲೆ ಹೇಳಿದ ಅಣ್ಣತಮ್ಮಂದಿರು ೧,೦೦,೦೦೦ ರೂಪಾಯಿಯನ್ನು ಸ್ವಂತದಿಂದ ಹಾಕದೆ ಬ್ಯಾಂಕಿನ ಸಾಲದಿಂದ ಹಾಕಿದ್ದರೆ ಚಿತ್ರವು ಬದಲಾಗುವುದು. ನೂಲಿನ ಬೆಲೆಯೇರಿದುದರ ಹೆಚ್ಚಳವು ಆಗ ಊದಲ್ಲ, ನಿಜವಾದ ಗಳಿಕೆ. ಏಕೆಂದರೆ ಅವರು ಹಿಂದಿರುಗಿಸಬೇಕಾದುದು ನೂಲನ್ನಲ್ಲ, ಕುಗ್ಗಿದ ರೂಪಾಯಿಯನ್ನು. ಕೊಟ್ಟ ಬಡ್ಡಿಯನ್ನು ಕಾನೂನು ವೆಚ್ಚವೆಂದು ಪೂರ್ತಿಯಾಗಿ ಬಿಟ್ಟುಕೊಡುವುದು. ಹಾಗಾದರೆ ಕಳೆದುಕೊಂಡವರಾರು? ಅದೇ ಬ್ಯಾಂಕಿನಲ್ಲಿ ಠೇವಣಿಯಿಟ್ಟ ಊರಿನವನೇ. ಶೇಕಡ ೭ರ ಬಡ್ಡಿ ಪಡೆದು ಶೇಕಡ ೩೦ರ ಮಟ್ಟದಲ್ಲಿ ಕರ ಕೊಡುವವನಿಗೆ ಉಳಿಯುವುದು ೪.೯, ಬೆಲೆಗಳು ಶೇಕಡ ೬ ಏರಿದ್ದರೆ ಅವನ ಅಸಲೇ ವರ್ಷಕ್ಕೆ ನೂರಕ್ಕೆ ಒಂದಕ್ಕಿಂತ ಹೆಚ್ಚಾಗಿ ಕರಗುವುದು. ಕರವೇ ಇಲ್ಲದ ಸಣ್ಣ ಉಳಿತಾಯದವನಿಗೂ ನೂರಕ್ಕೆ ಒಂದು ಮಾತ್ರ ಉಳಿಯುವುದು. ಪತ್ರಿಕೆಯಲ್ಲಿ ಕಾಣುವ ಏಳು ಕೇವಲ ಕಣ್ಣಿಗೆ.

ಹೀಗೆ ಹಣದುಬ್ಬರವೂ ಅದನ್ನು ಕಾಣದ ಕರವೂ ಕೂಡಿ ಜನರಿಗೆ ಒಂದು ಪಾಠವನ್ನು ಕಲಿಸುತ್ತವೆ. ಉಳಿಸುವವನಿಗಿಂತ ಸಾಲಗಾರನು ಜಾಣನು; ಮಗ್ಗವನ್ನು ಹೂಡುವವನಿಗಿಂತ ನಿವೇಶನವನ್ನು ಹಿಡಿದು ಕೂರುವವನು ಜಾಣನು; ನೂಲನ್ನು ಮಾರುವವನಿಗಿಂತ ಬಚ್ಚಿಡುವವನು ಜಾಣನು. ಹೊಸ ಮಗ್ಗಕ್ಕೆ ಬಂಡವಾಳ ಹೂಡಿದವನ ಸವೆತದ ಲೆಕ್ಕವನ್ನು ವರ್ಷವರ್ಷವೂ ಕಾನೂನು ಕುಗ್ಗಿದ ರೂಪಾಯಿಯಿಂದ ಎಣಿಸುವುದು. ಚಿನ್ನ ಜಾಗಗಳ ಮೇಲೆ ಕುಳಿತವನನ್ನು ಮಾರುವ ದಿನದ ವರೆಗೆ ಕೇಳುವವರಿಲ್ಲ. ಆದುದರಿಂದ ಹಣವು ಕೈಗಳಿಗೆ ಕೆಲಸ ಕೊಡುವ ಕಡೆಗೆ ಹರಿಯದೆ, ಕೆಲಸವಿಲ್ಲದೆ ಬೆಳೆಯುವ ಕಡೆಗೆ ಹರಿಯುವುದು. ದೇಶದ ಸಂಪತ್ತಿನ ಹಾನಿಗಿಂತಲೂ ಇದು ಶೀಲದ ಹಾನಿ. ಮಿತವ್ಯಯ, ಮಾತಿನ ನಂಬುಗೆ, ದೂರದ ದೃಷ್ಟಿ, ಇವು ವ್ಯಾಪಾರದ ಗುಣಗಳು. ಅಳತೆಯು ಸ್ಥಿರವಾಗಿರುವಲ್ಲಿ ಮಾತ್ರ ಇವಕ್ಕೆ ಪ್ರತಿಫಲವುಂಟು.

ಆದರೆ ಈ ವಿಚಾರದ ಅತಿ ಕಠಿನವಾದ ಗಂಟು ಇನ್ನೂ ಉಳಿದಿದೆ. ಕುಗ್ಗಿದ ರೂಪಾಯಿಯಲ್ಲಿ ಎಣಿಸಿ ಅಸಲನ್ನು ಲಾಭವೆಂದು ಕರೆಯುವಿರೆಂದು ಸರಕಾರವನ್ನು ದೂರುವ ವರ್ತಕನು, ನೇಕಾರನ ಕೂಲಿಯನ್ನು ಯಾವ ರೂಪಾಯಿಯಲ್ಲಿ ಎಣಿಸುತ್ತಾನೆ? ನೂಲು ಸಾವಕಾರನದು, ನೇಕಾರನದು ಕೈಯ ಕೆಲಸ. ಸೀರೆಗೆ ಇಷ್ಟೆಂದು ಗೊತ್ತಾದ ಕೂಲಿಯು ಮೂರು ವರ್ಷ ಬದಲಾಗದೆ, ಬೆಲೆಗಳು ವರ್ಷಕ್ಕೆ ಶೇಕಡ ೬ರಂತೆ ಏರಿದರೆ, ೧೦೦ ರೂಪಾಯಿಯ ಕೂಲಿಯು ೮೪ ರೂಪಾಯಿಯದಾಗುವುದು. ಕೂಲಿಯನ್ನು ಯಾರೂ ಕಡಮೆ ಮಾಡಲಿಲ್ಲ. ಆದರೂ ಅದು ಕಡಮೆಯಾಯಿತು. ಆ ೧೬ ರೂಪಾಯಿಗಳು ಸಾವಕಾರನ ಖಾತೆಯಲ್ಲಿ ಲಾಭವೆಂಬ ಹೆಸರಿನಿಂದ ಕಾಣಿಸಿಕೊಳ್ಳುವುವು. ನೇಕಾರನಿಗೂ ಒಂದು ಅಸಲುಂಟು. ಅವನ ಕಣ್ಣು, ಅವನ ಬೆನ್ನು, ಕಂಡಿಕೆ ಸುತ್ತುವ ಹೆಂಡತಿಯ ಕೈ, ಮಕ್ಕಳಿಗೆ ಬರಬೇಕಾದ ಕಸುಬು, ಇವೇ ಅವನ ಅಸಲು. ಆ ಅಸಲನ್ನು ತುಂಬದೆ ಎಣಿಸಿದ ಲಾಭವು, ವರ್ತಕನ ನೂಲನ್ನು ತುಂಬದೆ ಸರಕಾರವು ಎಣಿಸಿದ ಲಾಭದಷ್ಟೇ ಸುಳ್ಳು.

ಇದು ಕೇವಲ ಉಪದೇಶದ ಮಾತಲ್ಲ. ತಂದೆಯ ಕೂಲಿಯು ಕಣ್ಣಿಗೆ ಕಾಣದಂತೆ ಕರಗುವುದನ್ನು ಕಂಡ ಮಗನು ಮಗ್ಗದ ಕುಣಿಗೆ ಇಳಿಯಲಾರನು. ಅವನು ಬೇರೆ ಊರಿಗೆ ಬೇರೆ ಕೆಲಸಕ್ಕೆ ಹೋಗುವನು. ಕೊಂಡಿ ಹಾಕುವ ಕೈ ಒಂದು ತಲೆಮಾರಿನಲ್ಲಿ ತಪ್ಪಿದರೆ ಯಾವ ಸೂಚ್ಯಂಕವೂ ಅದನ್ನು ಹಿಂದಿರುಗಿಸಲಾರದು. ಆಗ ಸಾವಕಾರನಲ್ಲಿ ನೂಲಿರುವುದು, ಬಂಡವಾಳವಿರುವುದು, ಭೌಗೋಳಿಕ ಗುರುತಿನ ಮಾನ್ಯತೆಯ ಹೆಸರೂ ಇರುವುದು. ನೇಯುವವನು ಮಾತ್ರ ಇರಲಾರನು. ತನ್ನ ವ್ಯಾಪಾರದ ಅತಿ ಬೆಲೆಯುಳ್ಳ ಅಸಲನ್ನು ಅವನು ಲಾಭವೆಂದು ತಿಂದಿರುವನು.

ಕಾನೂನು ಈ ಕಡೆಗೆ ಒಂದು ಹೆಜ್ಜೆಯನ್ನು ಇಟ್ಟಿದೆ. ಸರಕು ತಯಾರಿಸುವ ಅತಿ ಸಣ್ಣ ಮತ್ತು ಸಣ್ಣ ಉದ್ಯಮಗಳೆಂದು ನೋಂದಣಿಯಾದವರಿಗೆ ಸಲ್ಲಬೇಕಾದ ಹಣವನ್ನು, ಕರಾರು ಇದ್ದರೆ ೪೫ ದಿನಗಳೊಳಗೆ, ಇಲ್ಲದಿದ್ದರೆ ೧೫ ದಿನಗಳೊಳಗೆ ಕೊಡದವನು ಆ ವೆಚ್ಚವನ್ನು ಹಣ ಕೊಟ್ಟ ವರ್ಷದಲ್ಲಿಯೇ ತೋರಿಸಬೇಕೆಂದು ೨೦೨೩ರ ಹಣಕಾಸು ಕಾನೂನು ವಿಧಿಸಿತು. ಬಾಕಿಯಿಡುವುದರಿಂದ ದೊಡ್ಡವನಿಗಾಗುತ್ತಿದ್ದ ಮರೆಯ ಲಾಭವನ್ನು ಕರದ ಮೂಲಕವೇ ತಡೆಯುವ ಯತ್ನವಿದು. ಆದರೆ ಹೆಸರು ಕಾಗದಕ್ಕೆ ಏರದ ನೇಕಾರನನ್ನು ಯಾವ ಕಾನೂನೂ ಕಾಣದು. ಅವನನ್ನು ಕಾಣಬೇಕಾದುದು ಎದುರಿಗೆ ಕುಳಿತ ಮನುಷ್ಯನ ಕಣ್ಣೇ.

ಕೃಷ್ಣಾ ಮಲಪ್ರಭೆಗಳು ಕೂಡುವ ಕೂಡಲಸಂಗಮವು ಈ ಸೀಮೆಯದೇ. ಅಲ್ಲಿ ಬೆಳೆದು, ಕಲ್ಯಾಣದಲ್ಲಿ ಬಿಜ್ಜಳನ ಭಂಡಾರಿಯಾಗಿದ್ದನೆಂದು ಪರಂಪರೆಯು ಹೇಳುವ ಬಸವಣ್ಣನೂ ಅವನ ಕಾಲದ ಶರಣರೂ ಕಾಯಕವೆಂಬ ಒಂದು ಅಳತೆಯನ್ನು ನಾಡಿಗೆ ಕೊಟ್ಟರು. ಆಯ್ದಕ್ಕಿಯ ಮಾರಯ್ಯನು ಒಂದು ದಿನ ಬೇಕಾದುದಕ್ಕಿಂತ ಹೆಚ್ಚು ಅಕ್ಕಿಯನ್ನು ಆಯ್ದು ತಂದಾಗ ಲಕ್ಕಮ್ಮನು ಹೆಚ್ಚಿನದನ್ನು ತಂದಲ್ಲಿಯೇ ಸುರಿದು ಬರಲು ಕಳಿಸಿದ ಕಥೆಯು ಎಲ್ಲರೂ ಬಲ್ಲುದು. ಆ ಕಥೆಯನ್ನು ವ್ಯಾಪಾರದ ನಿಯಮವನ್ನಾಗಿ ಮಾಡಬೇಕೆಂದಲ್ಲ; ನಾಳೆಗಾಗಿ ಕೂಡಿಡದವನು ಮಗ್ಗವನ್ನು ಕೊಳ್ಳಲಾರನು. ಆದರೆ ಲಕ್ಕಮ್ಮನು ಕೇಳಿದ ಪ್ರಶ್ನೆಯು ಎಲ್ಲ ಖಾತೆಗಳಿಗೂ ಸಲ್ಲುವಂಥದು: ಇದರಲ್ಲಿ ನಮ್ಮದೆಷ್ಟು? ಕುಗ್ಗುವ ಹಣದ ಕಾಲದಲ್ಲಿ ಈ ಪ್ರಶ್ನೆಯನ್ನು ಕೇಳದವನು, ಕಳ್ಳತನದ ಸಂಕಲ್ಪವಿಲ್ಲದೆಯೂ ಪರರ ಪಾಲನ್ನು ಉಣ್ಣುವನು.

ಎಲ್ಲ ಬೆಲೆ, ಕೂಲಿ, ಸಾಲ, ಕರಗಳನ್ನೂ ಸೂಚ್ಯಂಕಕ್ಕೆ ಕಟ್ಟಿಬಿಟ್ಟರೆ ತೊಂದರೆಯೇ ಇಲ್ಲವಲ್ಲ ಎಂದು ಕೆಲವರು ಕೇಳಬಹುದು. ಆ ಉಪಾಯಕ್ಕೂ ಒಂದು ದೋಷವುಂಟು. ಬಲ್ಲವರೆಲ್ಲರೂ ತಮ್ಮತಮ್ಮ ಕೊಡೆಗಳ ಕೆಳಗೆ ನಿಂತುಕೊಂಡರೆ ಮಳೆ ನಿಲ್ಲಬೇಕೆಂಬ ಚಿಂತೆ ಯಾರಿಗೂ ಇರಲಾರದು, ನೆನೆಯುವವನು ಕೊಡೆಯಿಲ್ಲದವನೊಬ್ಬನೇ. ಆದುದರಿಂದ ಸೂಚ್ಯಂಕವು ಔಷಧವೇ ಹೊರತು ಆರೋಗ್ಯವಲ್ಲ. ಆರೋಗ್ಯವೆಂದರೆ ಅಳತೆಯು ನಿಲ್ಲುವುದು. ರಾಜ್ಯಕ್ಕೆ ಹಣ ಬೇಕಾದಾಗ ಅದು ಸಭೆಯ ಮುಂದೆ ಬಂದು, ಕಾರಣ ಹೇಳಿ, ಕರವನ್ನು ಕೇಳಲಿ. ಒಪ್ಪುವ ಅಥವಾ ಒಪ್ಪದಿರುವ ಅವಕಾಶವು ಪ್ರಜೆಗೆ ಇರಲಿ. ಕೇಳಿ ಪಡೆದ ಕಠಿನವಾದ ಕರಕ್ಕಿಂತ ಕೇಳದೆ ಪಡೆದ ಮೃದುವಾದ ಕರವು ಹೆಚ್ಚು ಅಪಾಯದ್ದು. ಮೊದಲನೆಯದು ಹಣವನ್ನಷ್ಟೆ ಒಯ್ಯುವುದು, ಎರಡನೆಯದು ನಂಬುಗೆಯನ್ನೂ ಒಯ್ಯುವುದು.

ವರ್ತಕನಿಗೆ ಸರಕಾರದ ಅಳತೆಯನ್ನು ತಿದ್ದುವ ಶಕ್ತಿಯಿಲ್ಲ; ತನ್ನ ಅಳತೆಯನ್ನು ತಿದ್ದಿಕೊಳ್ಳುವ ಶಕ್ತಿಯು ಮಾತ್ರ ಪೂರ್ಣವಾಗಿ ಇದೆ. ಕಾನೂನಿಗೆ ಒಪ್ಪಿಸುವ ಖಾತೆಯು ಸತ್ಯವಾಗಿರಲಿ. ಅದರ ಪಕ್ಕದಲ್ಲಿ ತನ್ನ ಅರಿವಿಗಾಗಿ ಇನ್ನೊಂದು ಹಾಳೆಯನ್ನು ಅವನು ಬರೆಯಲಿ. ಮಾರಿದ ಹಣದಲ್ಲಿ ಮೊದಲು ನಾಳೆಯ ಬೆಲೆಯ ನೂಲನ್ನು ತೆಗೆದಿರಿಸಲಿ; ಆಮೇಲೆ ಸವೆದ ಮಗ್ಗದ ಇಂದಿನ ಬೆಲೆಯ ಪಾಲನ್ನು; ಆಮೇಲೆ ನೇಕಾರನ ಮನೆಯಲ್ಲಿ ಜೋಳ ಬೇಳೆಗಳು ಏರಿದಷ್ಟು ಏರಬೇಕಾದ ಕೂಲಿಯನ್ನು. ಈ ಮೂರೂ ತುಂಬಿದ ಮೇಲೆ ಉಳಿದುದು ಲಾಭ. ಅದು ಖಾತೆಯ ಲಾಭಕ್ಕಿಂತ ಬಹಳ ಸಣ್ಣದಾಗಿರುವುದು, ಕೆಲವು ವರ್ಷ ಇಲ್ಲದೆಯೂ ಹೋಗುವುದು. ಆದರೆ ಅದನ್ನು ಉಂಡರೆ ಬೀಜವನ್ನು ಉಂಡಂತಾಗದು. ಇಂಥ ಹಾಳೆಯನ್ನು ಕೈಯಲ್ಲಿ ಹಿಡಿದು ನಿಂತ ವರ್ತಕನು ಸರಕಾರವನ್ನು ನ್ಯಾಯ ಕೇಳಿದರೆ ಅದು ಸ್ವಾರ್ಥದ ದೂರಾಗದೆ ಊರಿನ ದೂರಾಗುವುದು. ನೇಕಾರನಿಗೆ ಹಳೆಯ ರೂಪಾಯಿಯನ್ನು ಕೊಟ್ಟು, ತನಗೆ ಮಾತ್ರ ಹೊಸ ರೂಪಾಯಿಯ ಲೆಕ್ಕವನ್ನು ಬೇಡುವವನ ದೂರಿಗೆ ಆ ಬಲವಿಲ್ಲ.